ಖಡ್ಗದಂತಿಗಳ ವಂಶನಿರ್ಣಯ: ಕೋರೆಹಲ್ಲು ಮತ್ತು ಕಿವಿಯ ಮೂಳೆ

ಉದ್ದನೆಯ ಬಾಗಿದ ಕೋರೆಹಲ್ಲಿರುವ ಪಳೆಯುಳಿಕೆಗಳನ್ನೆಲ್ಲ ಬೆಕ್ಕಿನ ಕುಟುಂಬಕ್ಕೆ ಸೇರಿಸುವ ರೂಢಿ ಜನಪ್ರಿಯ ಬರವಣಿಗೆಯಲ್ಲಿ ಇನ್ನೂ ಉಳಿದಿದೆ. ಆದರೆ ಈ ಲಕ್ಷಣ ಸಸ್ತನಿಗಳಲ್ಲಿ ಒಂದಕ್ಕಿಂತ ಹೆಚ್ಚು ಬಾರಿ ಸ್ವತಂತ್ರವಾಗಿ ವಿಕಾಸಗೊಂಡಿದೆ. ಆದ್ದರಿಂದ ವಂಶ ನಿರ್ಣಯಿಸಲು ಕೋರೆಹಲ್ಲೊಂದೇ ಸಾಲದು.

ನಿಮ್ರಾವಿಡ್‌ಗಳೆಂಬ ಅಳಿದುಹೋದ ಮಾಂಸಾಹಾರಿಗಳು ಇದಕ್ಕೆ ತಕ್ಕ ನಿದರ್ಶನ. ಸುಮಾರು 4 ಕೋಟಿ ವರ್ಷಗಳ ಹಿಂದೆ, ಇಯೋಸೀನ್ ಯುಗದಲ್ಲಿ ಕಾಣಿಸಿಕೊಂಡ ಇವು ಉತ್ತರ ಅಮೆರಿಕ, ಯುರೋಪ್ ಮತ್ತು ಏಷ್ಯಾಗಳಲ್ಲಿ ಹರಡಿದ್ದವು. ದಕ್ಷಿಣ ಡಕೋಟದ ಬ್ಯಾಡ್‌ಲ್ಯಾಂಡ್ಸ್‌ನಲ್ಲಿ ದೊರೆತ, ಇದೇ ಗುಂಪಿನ ಹೊಪ್ಲೊಫೋನಿಯಸ್‌ನ ಮೊಟಕು ಮೂತಿ, ಕತ್ತರಿಯಂತೆ ಮಾಂಸ ಸೀಳುವ ದವಡೆಹಲ್ಲು, ಖಡ್ಗದಂಥ ಕೋರೆ ಎಲ್ಲವೂ ಬೆಕ್ಕಿನವೇ ಎನಿಸುತ್ತವೆ. ವ್ಯತ್ಯಾಸವಿರುವುದು ತಲೆಬುರುಡೆಯ ತಳದಲ್ಲಿ. ಬೆಕ್ಕಿನ ಕುಟುಂಬದಲ್ಲಿ ಮಧ್ಯಕಿವಿಯನ್ನು ಸುತ್ತುವರಿದ ಉಬ್ಬುಮೂಳೆಯನ್ನು, ಅಂದರೆ ಬುಲ್ಲಾವನ್ನು, ಒಳಗಿನ ಮೂಳೆಗೋಡೆಯೊಂದು ಎರಡು ಕೋಣೆಗಳಾಗಿ ವಿಭಾಗಿಸುತ್ತದೆ. ನಿಮ್ರಾವಿಡ್‌ಗಳಲ್ಲಿ ಆ ಗೋಡೆ ಇಲ್ಲ. ಬೇಟೆಯ ರೀತಿಗೆ ತಕ್ಕಂತೆ ಹಲ್ಲಿನ ಆಕಾರ ಬದಲಾಗುತ್ತದೆ. ಕಿವಿಯ ಒಳರಚನೆಗೆ ಬೇಟೆಯೊಂದಿಗೆ ಅಂಥ ನೇರ ನಂಟಿಲ್ಲ. ಹಾಗಾಗಿ ವಂಶದ ಗುರುತಾಗಿ ಅದಕ್ಕೆ ಹೆಚ್ಚು ತೂಕ.

ಹಲ್ಲು ದಾರಿ ತಪ್ಪಿಸಿದ್ದಕ್ಕೆ ಹಳೆಯ ಸಾಕ್ಷ್ಯವೂ ಇದೆ. ಬ್ರೆಜಿಲ್‌ನ ಲಗೋವಾ ಸಾಂಟಾ ಗುಹೆಗಳಲ್ಲಿ ಸಿಕ್ಕ ದವಡೆಹಲ್ಲುಗಳನ್ನು ಪೀಟರ್ ವಿಲ್‌ಹೆಲ್ಮ್ ಲುಂಡ್ 1839ರಲ್ಲಿ ಕತ್ತೆಕಿರುಬದವೆಂದು ಭಾವಿಸಿದ್ದರು. ಹೆಚ್ಚಿನ ಅವಶೇಷಗಳು ದೊರೆತ ಮೇಲೆ, 1842ರಲ್ಲಿ, ಆ ಪ್ರಾಣಿಗೆ ಸ್ಮಿಲೋಡಾನ್ ಎಂದು ಹೆಸರಿಟ್ಟರು. ಇದು ನಿಜವಾದ ಬೆಕ್ಕಿನ ಕುಟುಂಬದ್ದು. ಆದರೂ ಹುಲಿಯ ಪೂರ್ವಜವಲ್ಲ, ಬೇರೊಂದು ಕವಲು. ಶಿವಾಲಿಕ್ ಬೆಟ್ಟಗಳ ಮೆಗಾಂಟೆರಿಯಾನ್ ಫಾಲ್ಕನೆರಿ ಕೂಡ ಇದೇ ಕವಲಿನದು.

ಅರ್ಜೆಂಟೀನಾದ ಥೈಲಕೊಸ್ಮಿಲಸ್ ಇನ್ನೂ ದೂರದ ಪ್ರಾಣಿ. ಎಲ್ಮರ್ ರಿಗ್ಸ್ 1933ರಲ್ಲಿ ಹೆಸರಿಸಿದ ಇದು ಮಾಂಸಾಹಾರಿಗಳ ಗಣಕ್ಕೇ ಸೇರದೆ, ಕಾಂಗರೂಗಳಂಥ ಹೊಟ್ಟೆಚೀಲದ ಪ್ರಾಣಿಗಳ ಹತ್ತಿರದ ಬಂಧು. ಇದರ ಕೋರೆಹಲ್ಲು ಜೀವಮಾನವಿಡೀ ಬೆಳೆಯುತ್ತಿತ್ತು, ಸ್ಮಿಲೋಡಾನ್‌ನದು ಹಾಗಲ್ಲ.

ಕಿವಿಯ ಮೂಳೆಯೂ ಎಲ್ಲ ಪ್ರಶ್ನೆಗಳನ್ನು ಬಗೆಹರಿಸಿಲ್ಲ. 1970ರಲ್ಲಿ ಹೆಸರು ಪಡೆದ ಮತ್ತೊಂದು ಖಡ್ಗದಂತಿ ಬಾರ್ಬೊರೊಫೆಲಿಸ್ ಮತ್ತದರ ಬಂಧುಗಳನ್ನು 2004ರಲ್ಲಿ ಪ್ರತ್ಯೇಕ ಕುಟುಂಬವೆಂದು ಎಣಿಸಲಾಯಿತು. ಅವನ್ನು ನಿಮ್ರಾವಿಡ್‌ಗಳಲ್ಲೇ ಸೇರಿಸಬೇಕೆಂಬ ವಾದವೂ ಇದೆ. ಖಡ್ಗದಂತವೆಂಬುದು ಬೇಟೆಯ ಒಂದು ವಿಧಾನದ ಕುರುಹು, ವಂಶದ ಮುದ್ರೆಯಲ್ಲ. ಬಿಡಿ ಕೋರೆಹಲ್ಲೊಂದನ್ನೇ ನೆಚ್ಚಿ ಕುಟುಂಬದ ಹೆಸರು ಬರೆಯುವ ಮುನ್ನ ತಲೆಬುರುಡೆಯ ತಳವನ್ನು ಪರಿಶೀಲಿಸುವುದು ಅಗತ್ಯ.