ಶ್ರೀರಂಗಪಟ್ಟಣದ ಓಲಗದ ನಾಟ್ಯವೂ ಫ್ರಾನ್ಸಿನ ಬ್ಯಾಲೆಯೂ

1653ರಲ್ಲಿ ಫ್ರಾನ್ಸಿನ ಅರಸನಾದ ಹದಿನಾಲ್ಕನೆಯ ಲೂಯಿ ತಾನೇ ಸೂರ್ಯನ ವೇಷ ತಾಳಿ ಆಸ್ಥಾನದ ಬ್ಯಾಲೆಯಲ್ಲಿ ಕುಣಿದನು. ಅದಕ್ಕೆ ಐದು ವರ್ಷ ಮೊದಲು, 1648ರಲ್ಲಿ, ಗೋವಿಂದವೈದ್ಯನು ‘ಕಂಠೀರವ ನರಸರಾಜವಿಜಯ’ವೆಂಬ ಸಾಂಗತ್ಯಕಾವ್ಯದಲ್ಲಿ ಶ್ರೀರಂಗಪಟ್ಟಣದ ನವರಾತ್ರಿಯ ಓಲಗವನ್ನೂ ಅಲ್ಲಿನ ನರ್ತಕಿಯರ ನಾಟ್ಯವನ್ನೂ ಬಣ್ಣಿಸಿದ್ದನು. ಎರಡೂ ಅರಮನೆಯ ಉತ್ಸವದಲ್ಲಿ ಬೆಳೆದ ಕಲೆಗಳೇ. ಅಲ್ಲಿ ಅರಸನು ನರ್ತಕನು, ಇಲ್ಲಿ ಪ್ರೇಕ್ಷಕನು.

ಇದಕ್ಕಿಂತ ಮುಖ್ಯವಾದ ಭೇದವೊಂದುಂಟು. ಲೂಯಿ 1661ರಲ್ಲಿ ನೃತ್ಯಕ್ಕೆಂದೇ ಅಕಾಡೆಮಿಯನ್ನು ಸ್ಥಾಪಿಸಿದನು. 1700ರಲ್ಲಿ ಫ್ಯೂಯೆ ಎಂಬವನು ಹೆಜ್ಜೆಗಳನ್ನು ಚಿಹ್ನೆಗಳಲ್ಲಿ ಬರೆದಿಡುವ ಕ್ರಮವನ್ನು ಅಚ್ಚು ಹಾಕಿಸಿದನು. ಆ ಲಿಪಿಯಲ್ಲಿ ಉಳಿದ ನೃತ್ಯಗಳನ್ನು ಓದಿ ಮತ್ತೆ ಕುಣಿಯಬಹುದು. ಗೋವಿಂದವೈದ್ಯನನ್ನು ಓದಿ ಕುಣಿಯಲಾಗದು. ಕವಿಯಿಂದ ನಾಟ್ಯದ ಬೆಡಗು ತಿಳಿಯುವುದೇ ಹೊರತು ಹೆಜ್ಜೆಯ ಲೆಕ್ಕ ತಿಳಿಯದು. ಕೃಷ್ಣರಾಜಪೇಟೆ ತಾಲ್ಲೂಕಿನ ಕಿಕ್ಕೇರಿಯ ಬ್ರಹ್ಮೇಶ್ವರಾಲಯದ ಮದನಿಕೆಯರೂ ಅಷ್ಟೆ: ಭಂಗಿ ಕಲ್ಲಿನಲ್ಲಿ ನಿಂತಿದೆ, ಚಲನೆಯಿಲ್ಲ.

ಚಲನೆಯು ಮೈಯಿಂದ ಮೈಗೆ ಇಳಿದುಬಂದಿರುವುದು ನಾಗಮಂಗಲದ ಕಡೆಯ ಮೂಡಲಪಾಯ ಯಕ್ಷಗಾನದಲ್ಲಿ. (ಆ ಹೆಸರನ್ನು ವಿದ್ವತ್ಪ್ರಪಂಚದಲ್ಲಿ ಬಳಕೆಗೆ ತಂದ ಜೀ.ಶಂ. ಪರಮಶಿವಯ್ಯನವರೂ ಆ ತಾಲ್ಲೂಕಿನವರೇ.) ಅಲ್ಲಿ ಭಾಗವತನ ಪದಕ್ಕೆ, ಮದ್ದಳೆ ಮುಖವೀಣೆಗಳೊಡನೆ, ವೇಷಧಾರಿಗಳು ಕುಣಿಯುತ್ತಾರೆ. ಅದು ಓಲಗದ ನಾಟ್ಯದ ಸಂತಾನವೆಂದು ಸಾಧಿಸಲು ಆಧಾರ ಸಾಲದು. ಆದರೂ ಪಟ್ಟಣದ ನಾಟ್ಯವನ್ನು ಶೋಧಿಸುವವರು ಹಸ್ತಪ್ರತಿಯನ್ನಷ್ಟೇ ನೆಚ್ಚದೆ, ಒಂದಿರುಳು ಆ ಬಯಲಿನಲ್ಲಿ ಕುಳಿತು ಕಾಲಿನ ಲೆಕ್ಕವನ್ನೂ ಬರೆದುಕೊಳ್ಳತಕ್ಕದ್ದು.