ಚಿತ್ರಸುರುಳಿಗಳನ್ನು ಕಾಯ್ದಿತ್ತವರು

ಚಲನಚಿತ್ರದ ಇತಿಹಾಸಕಾರರು ನಿರ್ದೇಶಕನನ್ನೂ ನಟನನ್ನೂ ಕೊಂಡಾಡಿದಷ್ಟು, ಹಳೆಯ ಸುರುಳಿಯೊಂದನ್ನು ಜತನದಿಂದ ಕಾಪಾಡಿ, ಮುಂದೊಂದು ದಿನ ಸಾಕ್ಷ್ಯಚಿತ್ರಕ್ಕೋ ದೂರದರ್ಶನಕ್ಕೋ ಒದಗಿಸಿದವರನ್ನು ಸ್ಮರಿಸಿದವರಲ್ಲ. ಆದರೂ ಸಂಗ್ರಹದೃಶ್ಯಗಳಿಂದ ಚಿತ್ರ ಕಟ್ಟುವ ಕಲೆ ಇಂಥವರನ್ನೇ ನೆಚ್ಚಿ ಬೆಳೆದುದು. 1927ರಲ್ಲಿ ರಷ್ಯದ ಎಸ್ಫಿರ್ ಶುಬ್ ಹಳೆಯ ವಾರ್ತಾಚಿತ್ರಗಳನ್ನೂ ಅರಸುಮನೆತನದ ಖಾಸಗಿ ಸುರುಳಿಗಳನ್ನೂ ಜೋಡಿಸಿ ರೊಮಾನೊವ್ ವಂಶದ ಪತನವನ್ನು ತೋರಿಸಿದಳು. ನಮ್ಮ ನೆರೆನಾಡಿನ ಎ. ಕೆ. ಚೆಟ್ಟಿಯಾರರು ದೇಶದೇಶಗಳನ್ನು ಸುತ್ತಿ, ಅನ್ಯರು ತೆಗೆದಿದ್ದ ತುಣುಕುಗಳನ್ನು ಕಲೆಹಾಕಿ, 1940ರಲ್ಲಿ ಗಾಂಧೀಜಿಯವರ ಜೀವನಚಿತ್ರವನ್ನು ತೆರೆಗಿತ್ತರು.

ಕನ್ನಡದ ಪಾಡು ಬೇರೆ. 1934ರ ಮಾರ್ಚ್ 3ರಂದು ತೆರೆಕಂಡ ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ ಪ್ರತಿ ಇಂದು ಲಭ್ಯವಿಲ್ಲವಾಗಿ, ಅದನ್ನು ಕುರಿತು ಕಾರ್ಯಕ್ರಮ ಮಾಡಹೊರಟವರು ಅದರಲ್ಲಿ ಅಭಿನಯಿಸಿದ ಸುಬ್ಬಯ್ಯ ನಾಯ್ಡು, ನಾಗೇಂದ್ರರಾಯರನ್ನು ಸ್ಥಿರಚಿತ್ರಗಳಲ್ಲಷ್ಟೇ ತೋರಿಸಬಲ್ಲರು. ಅಂದಿನ ನೈಟ್ರೇಟ್ ಫಿಲ್ಮು ಬೇಗ ಹೊತ್ತಿಕೊಳ್ಳುವಂಥದು. ಸೆಕೆಯಲ್ಲಿ ಮೊದಲು ಬಣ್ಣಗೆಟ್ಟು, ಬಳಿಕ ಅಂಟಂಟಾಗಿ, ಕಡೆಗೆ ಕಂದುಪುಡಿಯಾಗಿ ಉದುರುವಂಥದು. ಅಷ್ಟು ಕಾಲ ಉಳಿದದ್ದನ್ನೂ ಬೆಳ್ಳಿಯಂಶದ ಆಸೆಗೆ ಕರಗಿಸುವ ವ್ಯಾಪಾರಿಗಳಿದ್ದರು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಭಂಡಾರ ಸ್ಥಾಪಿತವಾದದ್ದು 1964ರಲ್ಲಿ, ಎಂದರೆ ನಮ್ಮ ವಾಕ್ಚಿತ್ರ ಹುಟ್ಟಿ ಮೂವತ್ತು ವರ್ಷ ಕಳೆದಮೇಲೆ. ಆ ಭಂಡಾರಕ್ಕಾಗಿ ಊರೂರು ಅಲೆದ ಪಿ. ಕೆ. ನಾಯರ್ ಅವರಿಗೆ ‘ಕಾಳಿಯ ಮರ್ದನ’ ಮೂಕಿಚಿತ್ರದ ಸುರುಳಿಗಳು ದೊರೆತದ್ದು ಅದರ ನಿರ್ದೇಶಕ ಫಾಲ್ಕೆಯವರ ಕುಟುಂಬದವರಿಂದ. ಮನೆಯವರು ಇರಿಸಿಕೊಂಡಿರದಿದ್ದರೆ ಭಂಡಾರಕ್ಕೆ ಸಲ್ಲುವುದೇನೂ ಇರುತ್ತಿರಲಿಲ್ಲ.

ಈ ಮಾತು ತಿಪಟೂರಿನ ಸೀಮೆಗೆ ವಿಶೇಷವಾಗಿ ಸಲ್ಲತಕ್ಕುದು. ಇಲ್ಲಿಯೇ 1923ರಲ್ಲಿ ಜನಿಸಿದ ನರಸಿಂಹರಾಜು ಅವರು, ನೆರೆಯ ಗುಬ್ಬಿಯ ವೀರಣ್ಣನವರ ರಂಗಪರಂಪರೆಯ ಬೆಂಬಲದಿಂದ 1954ರ ‘ಬೇಡರ ಕಣ್ಣಪ್ಪ’ದ ಮೂಲಕ ತೆರೆಗೆ ಬಂದು, ನಾಡನ್ನೆಲ್ಲ ನಗಿಸಿದವರು. ವೀರಣ್ಣನವರು 1972ರಲ್ಲಿ, ನರಸಿಂಹರಾಜು 1979ರಲ್ಲಿ ತೀರಿಕೊಂಡರು. ಬೆಂಗಳೂರು ದೂರದರ್ಶನ ಕೇಂದ್ರ ಆರಂಭವಾದದ್ದು 1981ರಲ್ಲಿ. ಆದುದರಿಂದ ಇವರನ್ನು ಕುರಿತ ಕಾರ್ಯಕ್ರಮಗಳು ಬಹುಮಟ್ಟಿಗೆ ಕಥಾಚಿತ್ರಗಳ ತುಣುಕುಗಳನ್ನೇ ಅವಲಂಬಿಸಬೇಕಾಯಿತು. ಅವುಗಳಲ್ಲಿ ನಮಗೆ ಕಾಣುವುದು ಪಾತ್ರ. ಬಣ್ಣ ಕಳೆದು ಊರಿನ ಜಗುಲಿಯ ಮೇಲೆ ಕುಳಿತು ಮಾತಾಡುವ ಮನುಷ್ಯನಲ್ಲ. ಆ ಮನುಷ್ಯನನ್ನು ಕಾಣಿಸಬಲ್ಲದ್ದು ಬಂಧುವೋ ಮಿತ್ರನೋ ಹವ್ಯಾಸಕ್ಕೆಂದು ತೆಗೆದ ಎಂಟು ಮಿಲಿಮೀಟರಿನ ಸಣ್ಣ ಸುರುಳಿ ಮಾತ್ರ.

ತೆಂಗಿನಕಾಯನ್ನು ಸಿಪ್ಪೆಯೊಡನೆ ಅಟ್ಟಕ್ಕೇರಿಸಿ, ತಿಂಗಳುಗಟ್ಟಲೆ ಕಾದು, ಉಂಡೆಕೊಬ್ಬರಿ ಪಡೆಯುವ ತಾಳ್ಮೆ ಈ ಸೀಮೆಯವರಿಗೆ ಹೊಸದಲ್ಲ. ಆದರೆ ಕಾಯನ್ನು ಕೊಬ್ಬರಿಯಾಗಿಸುವ ಅಟ್ಟದ ಸೆಕೆಯೇ ಫಿಲ್ಮಿಗೆ ಮೃತ್ಯು. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ಮನೆಗಳಲ್ಲಿ ಮದುವೆಯದೋ, ತೇರಿನದೋ, ನಾಟಕದ್ದೋ, ಕೊಬ್ಬರಿ ಮಂಡಿಯದೋ ಸುರುಳಿ ಅಥವಾ ವಿಡಿಯೊ ಕ್ಯಾಸೆಟ್ಟು ಇದ್ದಲ್ಲಿ ಅದನ್ನು ಕೆಳಗಿಳಿಸಿ, ತಂಪಾದ ಒಣ ಕೋಣೆಯಲ್ಲಿರಿಸಬೇಕು. ಹುಳಿವಾಸನೆ ಸೂಸುವ ಸುರುಳಿಯನ್ನು ಉಳಿದವುಗಳಿಂದ ಬೇರ್ಪಡಿಸಬೇಕು. ಊರು, ವರ್ಷ, ಕಾಣುವವರ ಹೆಸರುಗಳನ್ನು ತಿಳಿದ ಹಿರಿಯರು ಇರುವಾಗಲೇ ಬರೆದಿಟ್ಟು ಪುಣೆಯ ಭಂಡಾರಕ್ಕೆ ತಿಳಿಸಬೇಕು. ಅಂಥ ದೃಶ್ಯವನ್ನು ಬಳಸುವ ನಿರ್ಮಾಪಕರು ಛಾಯಾಗ್ರಾಹಕನ ಹೆಸರಿನೊಡನೆ, ಅದನ್ನು ಇಷ್ಟು ಕಾಲ ಕಾದ ಮನೆಯವರ ಹೆಸರನ್ನೂ ಶೀರ್ಷಿಕೆಯಲ್ಲಿ ಕಾಣಿಸಬೇಕೆಂದು ನನ್ನ ವಿನಂತಿ.