ಕಟಪಾಡಿಗೆ ಎಷ್ಟು ರಾಜಧಾನಿಗಳು?



ದಕ್ಷಿಣ ಭಾರತದ ರಾಜ್ಯಗಳ ರಾಜಧಾನಿಗಳನ್ನು ಹೇಳಿರಿ ಎಂದರೆ ನಿಮ್ಮಲ್ಲಿ ಹೆಚ್ಚಿನವರು ಒಂದೇ ಉಸಿರಿಗೆ ಹೇಳಬಲ್ಲಿರಿ. ಕರ್ನಾಟಕಕ್ಕೆ ಬೆಂಗಳೂರು, ಕೇರಳಕ್ಕೆ ತಿರುವನಂತಪುರ, ತಮಿಳುನಾಡಿಗೆ ಚೆನ್ನೈ, ತೆಲಂಗಾಣಕ್ಕೆ ಹೈದರಾಬಾದ್, ಆಂಧ್ರಪ್ರದೇಶಕ್ಕೆ ಅಮರಾವತಿ. ಉತ್ತರ ಸರಿ, ಅಂಕವೂ ಸಿಗುತ್ತದೆ. ಆದರೆ ನಿಮ್ಮ ಅಜ್ಜನೋ ಮುತ್ತಜ್ಜನೋ 1955ರಲ್ಲಿ ಕಟಪಾಡಿಯ ಶಾಲೆಯಲ್ಲಿ ಕುಳಿತು ‘ನಮ್ಮ ರಾಜಧಾನಿ ಬೆಂಗಳೂರು’ ಎಂದು ಬರೆದಿದ್ದರೆ ಮೇಷ್ಟ್ರು ತಪ್ಪು ಹಾಕುತ್ತಿದ್ದರು. ಅಂದಿನ ಸರಿಯುತ್ತರ ಮದರಾಸು. ಊರು ಇದ್ದಲ್ಲೇ ಇತ್ತು, ರಾಜಧಾನಿ ಬದಲಾಯಿತು. ಹೀಗೇಕಾಯಿತು ಎಂಬುದನ್ನು ತಿಳಿದರೆ ಚರಿತ್ರೆಯ ಅರ್ಧ ಪಾಠ ತಾನಾಗಿಯೇ ಬರುತ್ತದೆ.

ಮೊದಲು ನಮ್ಮ ನೆರೆಯಿಂದಲೇ ಆರಂಭಿಸೋಣ. ಇಂದು ನೀವು ಬಸ್ಸಿನಲ್ಲಿ ಹಾದುಹೋಗುವ ಉದ್ಯಾವರ ಒಂದು ಕಾಲದಲ್ಲಿ ರಾಜಧಾನಿಯಾಗಿತ್ತು. ತುಳುನಾಡನ್ನು ಶತಮಾನಗಳ ಕಾಲ ಆಳಿದ ಆಳುಪರು ಮಂಗಳೂರು, ಉದ್ಯಾವರ, ಬಾರ್ಕೂರುಗಳಿಂದ ರಾಜ್ಯಭಾರ ನಡೆಸಿದರು. ಉದ್ಯಾವರದಲ್ಲಿ ದೊರೆತ ಎಂಟನೇ ಶತಮಾನದ ಕನ್ನಡ ಶಾಸನಗಳು ಅಲ್ಲಿ ನಡೆದ ಕಾಳಗಗಳನ್ನೂ ಮಡಿದ ವೀರರನ್ನೂ ಹೆಸರಿಸುತ್ತವೆ. ಮುಂದೆ ಕರಾವಳಿ ವಿಜಯನಗರಕ್ಕೆ ಸೇರಿದಾಗ ರಾಜಧಾನಿ ತುಂಗಭದ್ರೆಯ ದಡಕ್ಕೆ ಹೋಯಿತು, ಬಾರ್ಕೂರು ಮತ್ತು ಮಂಗಳೂರುಗಳಲ್ಲಿ ಅಧಿಕಾರಿಗಳು ಉಳಿದರು. ಕೆಳದಿ ನಾಯಕರ ಕಾಲದಲ್ಲಿ ಘಟ್ಟದ ಮೇಲಿನ ಇಕ್ಕೇರಿ, ಆಮೇಲೆ ಬಿದನೂರು ನಮಗೆ ರಾಜಧಾನಿಯಾದವು. 1763ರಲ್ಲಿ ಹೈದರಾಲಿ ಬಿದನೂರನ್ನು ಗೆದ್ದುಕೊಂಡಾಗ ಕರಾವಳಿಯ ಕಂದಾಯ ಶ್ರೀರಂಗಪಟ್ಟಣದ ದಾರಿ ಹಿಡಿಯಿತು. 1799ರಲ್ಲಿ ಟಿಪ್ಪು ಸುಲ್ತಾನರು ಮಡಿದ ಬಳಿಕ ಈಸ್ಟ್ ಇಂಡಿಯಾ ಕಂಪೆನಿಯು ಕೆನರಾ ಜಿಲ್ಲೆಯನ್ನು ಮದರಾಸಿನ ಅಧೀನಕ್ಕೆ ತಂದಿತು. ಥಾಮಸ್ ಮನ್ರೋ ಇಲ್ಲಿಯ ಮೊದಲ ಕಲೆಕ್ಟರ್.

ಇಲ್ಲಿ ಒಂದು ಮುಖ್ಯ ಇಸವಿಯನ್ನು ಗಮನಿಸಿರಿ: 1862. ಆ ವರ್ಷ ಉತ್ತರ ಕೆನರಾವನ್ನು ಮುಂಬಯಿ ಪ್ರಾಂತ್ಯಕ್ಕೆ ಒಪ್ಪಿಸಲಾಯಿತು, ದಕ್ಷಿಣ ಕೆನರಾ ಮದರಾಸಿನಲ್ಲೇ ಉಳಿಯಿತು. ಶಿರೂರಿನವರಿಗೆ ರಾಜಧಾನಿ ಮದರಾಸು, ಅಲ್ಲಿಂದ ಕೂಗಳತೆಯ ಭಟ್ಕಳದವರಿಗೆ ಮುಂಬಯಿ! ಒಂದೇ ಕಡಲತೀರ, ಒಂದೇ ಬಗೆಯ ವ್ಯಾಪಾರ, ನಡುವೆ ನೆಂಟಸ್ತಿಕೆ. ಆದರೂ ಪರೀಕ್ಷೆ ಬೇರೆ, ಹೈಕೋರ್ಟು ಬೇರೆ. 1919ರಲ್ಲಿ ಭಟ್ಕಳದಲ್ಲಿ ಅಂಜುಮನ್ ವಿದ್ಯಾಸಂಸ್ಥೆ ಹುಟ್ಟಿದಾಗ ಅದು ಮುಂಬಯಿ ಪ್ರಾಂತ್ಯದ ಸಂಸ್ಥೆ. ಅದೇ ಕಾಲದಲ್ಲಿ ನಮ್ಮ ಉಡುಪಿ ಕಡೆಯ ಶಾಲೆಗಳು ಮದರಾಸಿನ ನಿಯಮದಂತೆ ನಡೆಯುತ್ತಿದ್ದವು.

ಇನ್ನೊಂದು ಸಂಗತಿ ನಿಮಗೆ ಆಶ್ಚರ್ಯ ತರಬಹುದು. ಲಕ್ಷದ್ವೀಪದ ಅಮಿನಿ, ಕಡ್ಮತ್, ಕಿಲ್ತಾನ್, ಚೆತ್ಲತ್ ಮತ್ತು ಬಿತ್ರಾ ದ್ವೀಪಗಳು ನಮ್ಮ ದಕ್ಷಿಣ ಕನ್ನಡ ಜಿಲ್ಲೆಗೇ ಸೇರಿದ್ದವು. ದ್ವೀಪದವರು ಓಡಗಳಲ್ಲಿ ತೆಂಗಿನ ನಾರಿನ ಹುರಿ ತಂದು ಮಂಗಳೂರಿನಲ್ಲಿ ಕೊಟ್ಟು ಅಕ್ಕಿ ಒಯ್ಯುತ್ತಿದ್ದರು. 1956ರಲ್ಲಿ ಅವು ಕೇಂದ್ರಾಡಳಿತ ಪ್ರದೇಶವಾದವು. ಆಡಳಿತ ಕಚೇರಿ ಮೊದಲು ಕಲ್ಲಿಕೋಟೆಯಲ್ಲಿತ್ತು, 1964ರಲ್ಲಿ ಕವರತ್ತಿಗೆ ಹೋಯಿತು.

ಕನ್ನಡಿಗರ ಸ್ಥಿತಿಯನ್ನು ಒಟ್ಟಾಗಿ ನೋಡಿದರೆ ಚಿತ್ರ ಇನ್ನೂ ಸ್ಪಷ್ಟ. ಸ್ವಾತಂತ್ರ್ಯ ಬಂದಾಗ ಮಂಗಳೂರು, ಬಳ್ಳಾರಿಯವರು ಮದರಾಸಿಗೆ, ಧಾರವಾಡ, ಕಾರವಾರದವರು ಮುಂಬಯಿಗೆ, ಬೀದರ್, ಕಲಬುರಗಿಯವರು ಹೈದರಾಬಾದಿಗೆ, ಕೊಡಗಿನವರು ಮಡಿಕೇರಿಗೆ, ಹಳೆಯ ಮೈಸೂರಿನವರು ಬೆಂಗಳೂರಿಗೆ ಅರ್ಜಿ ಕಳಿಸುತ್ತಿದ್ದರು. ಒಂದು ಭಾಷೆ, ಐದು ರಾಜಧಾನಿ. ನಾಲ್ಕು ಕಡೆ ಕನ್ನಡಿಗರು ಅಲ್ಪಸಂಖ್ಯಾತರು ಅಥವಾ ದೂರದವರು. ಏಕೀಕರಣ ಬೇಕೆಂದು ಹಿರಿಯರು ಹೋರಾಡಿದ್ದು ಈ ಕಾರಣಕ್ಕೆ. 1956ರ ನವೆಂಬರ್ 1ರ ಹೊತ್ತಿಗೆ ಇವೆಲ್ಲ ಬೆಂಗಳೂರಿನ ಕಡೆ ಮುಖ ಮಾಡಿದ್ದವು. ಆದರೆ ಅದೇ ದಿನ ಕಾಸರಗೋಡು ನಮ್ಮ ಜಿಲ್ಲೆಯಿಂದ ಬೇರೆಯಾಗಿ ಕೇರಳಕ್ಕೆ ಸೇರಿತು. ಅಲ್ಲಿಯ ಕನ್ನಡಿಗರ ರಾಜಧಾನಿ ಈಗ ರಾಜ್ಯದ ಇನ್ನೊಂದು ತುದಿಯ ತಿರುವನಂತಪುರ. ಒಂದೇ ಗೆರೆ ಕೆಲವರನ್ನು ಹತ್ತಿರ ತಂದಿತು, ಕೆಲವರನ್ನು ದೂರ ಮಾಡಿತು.

ನೆರೆಯ ತೆಲುಗರ ಕಥೆಯೂ ಇದೇ ಪಾಠ ಹೇಳುತ್ತದೆ. ಪೊಟ್ಟಿ ಶ್ರೀರಾಮುಲು ಅವರು ಉಪವಾಸವಿದ್ದು 1952ರ ಡಿಸೆಂಬರ್‌ನಲ್ಲಿ ಪ್ರಾಣ ಬಿಟ್ಟ ಮೇಲೆ, 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಹುಟ್ಟಿತು. ಮದರಾಸು ನಗರ ಅವರಿಗೆ ಸಿಗಲಿಲ್ಲ, ಕರ್ನೂಲು ರಾಜಧಾನಿಯಾಯಿತು. ಮೂರೇ ವರ್ಷದಲ್ಲಿ ಅದು ಹೈದರಾಬಾದಿಗೆ ಬಂತು. 2014ರ ಜೂನ್ 2ರಂದು ತೆಲಂಗಾಣ ಬೇರೆಯಾದಾಗ ಹೈದರಾಬಾದನ್ನು ಹತ್ತು ವರ್ಷಗಳಿಗೆ ಜಂಟಿ ರಾಜಧಾನಿ ಎಂದರು. ಆ ಅವಧಿ 2024ರಲ್ಲಿ ಮುಗಿಯಿತು. ಅಮರಾವತಿಗೆ 2015ರಲ್ಲಿ ಶಂಕುಸ್ಥಾಪನೆ, 2020ರಲ್ಲಿ ಮೂರು ರಾಜಧಾನಿಗಳ ಕಾನೂನು, 2021ರಲ್ಲಿ ಅದರ ರದ್ದು, 2025ರ ಮೇ ತಿಂಗಳಲ್ಲಿ ಕಾಮಗಾರಿಗೆ ಮರುಚಾಲನೆ. ನಿಮ್ಮ ಕೈಯಲ್ಲಿರುವ ಗೈಡ್ ಯಾವ ವರ್ಷದ್ದು ಎಂದು ನೋಡಿಕೊಳ್ಳಿ. ಹಳೆಯ ಪುಸ್ತಕ ಸುಳ್ಳು ಹೇಳುವುದಿಲ್ಲ, ಆದರೆ ಅದು ಹಳೆಯ ಸತ್ಯವನ್ನು ಹೇಳುತ್ತದೆ.

ಇದರಿಂದ ನಮಗೇನು ಪ್ರಯೋಜನ ಎಂದು ನೀವು ಕೇಳಬಹುದು. ರಾಜಧಾನಿ ಎಂದರೆ ನಿಮ್ಮ ಊರಿನ ಶಾಲೆ, ರಸ್ತೆ, ವಿದ್ಯಾರ್ಥಿವೇತನಗಳ ತೀರ್ಮಾನ ಆಗುವ ಜಾಗ, ಆ ತೀರ್ಮಾನದ ಕಾಗದಗಳು ಉಳಿಯುವ ಜಾಗ. ದಕ್ಷಿಣ ಕನ್ನಡದ ಬ್ರಿಟಿಷ್ ಕಾಲದ ಚರಿತ್ರೆ ಬರೆಯಹೊರಟವರು ಇಂದಿಗೂ ಚೆನ್ನೈನ ಎಗ್ಮೋರ್‌ನಲ್ಲಿರುವ ಪತ್ರಾಗಾರಕ್ಕೆ ಹೋಗಬೇಕಾಗುತ್ತದೆ. ನಮ್ಮ ಹಿರಿಯರು ಕಟ್ಟಿದ ಶಾಲೆಗಳ, ಹೂಡಿದ ವ್ಯಾಪಾರಗಳ, ಕೊಟ್ಟ ಅರ್ಜಿಗಳ ಕುರುಹು ಇದ್ದರೆ ಅಲ್ಲಿಯೂ ಇರಬಹುದು. ಅದನ್ನು ಹುಡುಕಿ ಓದುವವರು ನಿಮ್ಮೊಳಗಿನಿಂದಲೇ ಬರಬೇಕು. ಎಲ್ಲಿ ಹುಡುಕಬೇಕೆಂದು ಗೊತ್ತಿಲ್ಲದವನಿಗೆ ತನ್ನ ಊರಿನ ಚರಿತ್ರೆಯೂ ಸಿಗುವುದಿಲ್ಲ, ತನ್ನ ಹಕ್ಕೂ ಸಿಗುವುದಿಲ್ಲ.

ಆದ್ದರಿಂದ ಒಂದು ಸಣ್ಣ ಕೆಲಸ ಮಾಡಿರಿ. ನೋಟ್ ಪುಸ್ತಕದಲ್ಲಿ ಮೂರು ಸಾಲು ಗೆರೆ ಎಳೆದು ರಾಜಧಾನಿಯ ಹೆಸರು, ಎಂದಿನಿಂದ, ಅದಕ್ಕೆ ಮೊದಲು ಯಾವುದು ಎಂದು ಬರೆಯಿರಿ. ಕೊನೆಯಲ್ಲಿ ಜಿಲ್ಲೆಯನ್ನೂ ಸೇರಿಸಿರಿ. 1997ರ ಆಗಸ್ಟ್‌ವರೆಗೆ ನಮ್ಮ ಜಿಲ್ಲಾ ಕೇಂದ್ರ ಮಂಗಳೂರು. ಈಗ ಜಿಲ್ಲೆಯ ಹೆಸರು ಉಡುಪಿ, ಜಿಲ್ಲಾಧಿಕಾರಿಗಳ ಕಚೇರಿ ಮಣಿಪಾಲದ ರಜತಾದ್ರಿಯಲ್ಲಿ. ಆ ಪುಟವನ್ನು ಹಿಡಿದು ಮನೆಯ ಹಿರಿಯರ ಬಳಿ ಕುಳಿತುಕೊಳ್ಳಿರಿ. ಪಾಠಪುಸ್ತಕದಲ್ಲಿ ಇಲ್ಲದ ಎಷ್ಟೋ ಸಂಗತಿಗಳು ಅವರ ನೆನಪಿನಲ್ಲಿವೆ, ಕೇಳುವವರಿಗಾಗಿ ಕಾಯುತ್ತಿವೆ.